ಕಾಲುದಾರಿಗೆ ಅಡ್ಡ ಎದ್ದ ಗೋಡೆ

ಬನಹಟ್ಟಿಯ ರೇವಪ್ಪ ಒಳ್ಳೆಯ ನೇಕಾರ. ಎಳೆ ಕಡಿದರೆ ಮಗ್ಗದ ಸದ್ದಿನಲ್ಲೇ ಗುರುತಿಸುತ್ತಿದ್ದ. ಹದಿನಾಲ್ಕು ವರ್ಷಗಳ ಹಿಂದೆ ನೂಲಿನ ವ್ಯಾಪಾರಿ ನೇಮಿರಾಜ ತಮ್ಮ ಮನೆಯ ಹಿಂದಿನ ಖಾಲಿ ಜಾಗವನ್ನು ಅವನಿಗೆ ಲೀಸಿಗೆ ಕೊಟ್ಟಿದ್ದರು. ಅಲ್ಲಿ ತಗಡಿನ ಷೆಡ್ಡು ಹಾಕಿ ನಾಲ್ಕು ಪವರ್‌ಲೂಮ್ ಕೂರಿಸಿದ್ದ. ಹೆಂಡತಿ ಹಾಲವ್ವ ಲಾಳಿಯೊಳಗಿನ ಕಂಡಿಕೆಗೆ ನೂಲು ಸುತ್ತುತ್ತಿದ್ದಳು.

ನೇಮಿರಾಜ ತೀರಿಕೊಂಡ ಮೇಲೆ ಅವರ ಹೆಂಡತಿ ಸುಮನ, ಮಗಳು ಪ್ರಾಚಿಗೆ ಅಲ್ಲಿ ಮನೆ ಕಟ್ಟಿಸಬೇಕು, ಜಾಗ ಬಿಡು ಎಂದರು. ಲೀಸು ಮುಗಿದಿದೆ ಎಂದು ಅವರು, ಇನ್ನೂ ಇದೆ ಎಂದು ಇವನು. ಕರೆಂಟಿನ ಮೀಟರನ್ನೇ ತೆಗೆಸುತ್ತೇನೆ ಎಂದು ಪ್ರಾಚಿ ಹೇಳಿದ ದಿನ ರೇವಪ್ಪ ಹೆದರಿ ಕೋರ್ಟಿಗೆ ಹೋದ.

ದಾವೆ ತೀರುವವರೆಗೆ ಅವನನ್ನು ಎಬ್ಬಿಸಬಾರದೆಂದು ತಡೆಯಾಜ್ಞೆ ಸಿಕ್ಕಿತು. ಜೊತೆಗೆ ಮೂರು ಷರತ್ತು. ಬಾಡಿಗೆಯನ್ನು ಕೋರ್ಟಿನಲ್ಲಿ ಕಟ್ಟಬೇಕು. ಜಾಗದಲ್ಲಿ ಹೊಸದೇನನ್ನೂ ಕಟ್ಟಬಾರದು. ಷೆಡ್ಡಿನ ಪಕ್ಕದ ಕಾಲುದಾರಿಯಲ್ಲಿ ಸುಮನ ಬಸದಿಗೆ ಹೋಗಿಬರುವುದನ್ನು ತಡೆಯಬಾರದು. ಅವನ ವಕೀಲರು ಒಂದೊಂದನ್ನೂ ಎರಡು ಸಲ ಓದಿ ಹೇಳಿದರು.

"ತಿಳೀತ್ರಿ," ಎಂದ ರೇವಪ್ಪ.

ಅದೇ ವರ್ಷ ಮುಧೋಳದಲ್ಲೊಬ್ಬರು ಮಗ್ಗ ಮಾರುತ್ತಾರೆಂದು ಗೊತ್ತಾಯಿತು. ಐದನೆಯದನ್ನು ಕೂರಿಸಲು ಷೆಡ್ಡಿನಲ್ಲಿ ಜಾಗ ಸಾಲದು. ದಸರೆಗೆ ಕೋರ್ಟು ಮುಚ್ಚಿದಾಗ ಅವನು ಕಾಲುದಾರಿಯನ್ನು ಸೇರಿಸಿಕೊಂಡು ಗೋಡೆ ಎಬ್ಬಿಸಲು ನಿಂತ.

"ದಾರಿ ಬಂದ್ ಆಕ್ಕತಿ. ಅವ್ವಾರು ಎಲ್ಲಿ ಹಾದು ಹೋಗಬೇಕ್ರಿ?" ಎಂದಳು ಹಾಲವ್ವ.

"ರಸ್ತಾ ಹಿಡದು ಹೋಗ್ಲಿ."

"ಅವರ ಮೊಣಕಾಲ ನೋಯ್ತಾವು."

"ನಿನ್ನ ಕೇಳಿಲ್ಲ ನಾ."

ಗೋಡೆ ಎದ್ದ ಮರುದಿನ ಬೆಳಿಗ್ಗೆ ಸುಮನ ಅಕ್ಷತೆಯ ಡಬ್ಬಿ ಹಿಡಿದು ಬಂದರು. ಗೋಡೆಯನ್ನು ಕೈಯಿಂದ ಮುಟ್ಟಿ ನೋಡಿದರು. ಕಾಲೆಳೆಯುತ್ತ ಹಿಂದಿರುಗಿದರು. ರೇವಪ್ಪ ಕಂಡೂ ಮಗ್ಗದಿಂದ ತಲೆ ಎತ್ತಲಿಲ್ಲ.

ಪ್ರಾಚಿ ಕೋರ್ಟಿಗೆ ಅರ್ಜಿ ಹಾಕಿದಳು. ಜಾಗ ನೋಡಲು ಕೋರ್ಟ್ ಕಮಿಷನರ್ ಆಗಿ ಯುವ ವಕೀಲೆಯೊಬ್ಬರು ಟೇಪು ಹಿಡಿದು ಬಂದರು.

"ಗೋಡಿ ಹಳೇದ್ರಿ. ಗಿಲಾವ್ ಅಷ್ಟ ಹೊಸಾದು," ಎಂದ ರೇವಪ್ಪ.

ಅವರು ಹಾಲವ್ವನ ಕಡೆ ತಿರುಗಿ, "ಯಾವಾಗಿಂದವ್ವಾ ಇದು?" ಎಂದರು.

"ದಸರಾದಾಗ ಕಟ್ಟಿದ್ದರಿ," ಎಂದಳು ಹಾಲವ್ವ, ನೂಲು ಸುತ್ತುತ್ತಲೇ. ಅದು ವರದಿಗೆ ಸೇರಿತು.

ಹಾಲವ್ವನ ಮಾತಿನಿಂದ ತಡೆಯಾಜ್ಞೆ ಹೋಗುತ್ತದೆಂದು ರೇವಪ್ಪನ ವಕೀಲರು ಎಚ್ಚರಿಸಿದರು. ಆಗ ರೇವಪ್ಪನೇ ಹೇಳಿಬಿಟ್ಟ: "ಆಕಿಗಿ ತಲಿ ಸರಿ ಇಲ್ರಿ. ಏನೂ ನೆನಪ ಉಳಿಯೂದಿಲ್ಲ."

"ಖರೇ ಏನು?"

"ಖರೇರಿ."

ವಕೀಲರು ಅದನ್ನು ಅಫಿಡವಿಟ್ಟಿನಲ್ಲಿ ಬರೆಸಿದರು. ರೇವಪ್ಪ ಸಹಿ ಹಾಕಿದ. ಮನೆಯಲ್ಲಿ ಹೇಳಲಿಲ್ಲ.

ವಿಚಾರಣೆಯ ದಿನ ಹಾಲವ್ವ ಬುತ್ತಿ ಕಟ್ಟಿಕೊಂಡು ತಾನೂ ಹೊರಟಳು. ಬೇಡವೆನ್ನಲು ಅವನಿಗೆ ಕಾರಣ ಸಿಗಲಿಲ್ಲ. ಕೋರ್ಟಿನಲ್ಲಿ ಅವಳು ಹಿಂದಿನ ಬೆಂಚಿನಲ್ಲಿ, ಸುಮನ ಅವರ ಪಕ್ಕದಲ್ಲೇ ಕುಳಿತಳು. ಎದುರು ಪಕ್ಷದ ವಕೀಲರು ಅಫಿಡವಿಟ್ಟನ್ನು ಗಟ್ಟಿಯಾಗಿ ಓದಿದರು: "ನನ್ನ ಹೆಂಡತಿಯ ಬುದ್ಧಿ ಸ್ಥಿಮಿತದಲ್ಲಿಲ್ಲ. ನಿನ್ನೆ ಮಾಡಿದ್ದು ಇಂದು ಆಕೆಗೆ ನೆನಪಿರುವುದಿಲ್ಲ."

ರೇವಪ್ಪ ತಿರುಗಿ ನೋಡಿದ. ಹಾಲವ್ವ ಅಳುತ್ತಿರಲಿಲ್ಲ. ಸೆರಗನ್ನು ತಲೆಯ ಮೇಲೆ ಎಳೆದುಕೊಂಡು ನೆಲ ನೋಡುತ್ತಿದ್ದಳು. ಸುಮನ ಅವಳ ಕೈ ಹಿಡಿದುಕೊಂಡಿದ್ದರು. ಅಲ್ಲಿದ್ದ ಅಷ್ಟೂ ಜನರೆದುರು ತಾನು ಬತ್ತಲೆ ನಿಂತಂತೆ ರೇವಪ್ಪನಿಗೆ ಅನ್ನಿಸಿತು.

"ಸಾಹೇಬ್ರ, ಅದು ಸುಳ್ಳರಿ," ಎಂದ. "ಆಕಿ ತಲಿ ಛಲೋ ಐತಿ. ಗೋಡಿ ನಾನ ಕಟ್ಟೇನ್ರಿ."

"ಮತ್ತೆ ಪ್ರಮಾಣ ಮಾಡಿ ಹೀಗೇಕೆ ಬರೆದುಕೊಟ್ಟಿರಿ?" ಎಂದು ನ್ಯಾಯಾಧೀಶರು ಕೇಳಿದರು.

ಷರತ್ತು ಮುರಿದದ್ದಕ್ಕೆ ಅಂದೇ ತಡೆಯಾಜ್ಞೆ ರದ್ದಾಯಿತು. ಮರುದಿನ ರೇವಪ್ಪ ತಾನೇ ಹಾರೆ ಹಿಡಿದು ಗೋಡೆ ಕೆಡವಿದ, ದಾವೆಯನ್ನೂ ಕೈಬಿಟ್ಟ. ಜಾಗ ಬಿಡಲು ಸುಮನ ಮೂರು ತಿಂಗಳು ಕೊಟ್ಟರು. ಅವನು ಕೈಮುಗಿದ. ಮುಖ ಎತ್ತಲಾಗಲಿಲ್ಲ. ಮಗ್ಗ ಮಾರಿ, ಈಗ ರಬಕವಿಯಲ್ಲಿ ಇನ್ನೊಬ್ಬರ ಷೆಡ್ಡಿನಲ್ಲಿ ಕೂಲಿಗೆ ನೇಯುತ್ತಾನೆ.

ಹಾಲವ್ವ ಅಫಿಡವಿಟ್ಟಿನ ಆ ಮಾತನ್ನು ಒಮ್ಮೆಯೂ ಎತ್ತಿಲ್ಲ. ಆದರೆ ಯಾರಾದರೂ ಏನಾದರೂ ಕೇಳಿದರೆ ಈಗ ಉತ್ತರ ಹೇಳುವುದಿಲ್ಲ, ಗಂಡನ ಮುಖ ನೋಡುತ್ತಾಳೆ. 'ನೀನ ಹೇಳ' ಎನ್ನುವ ಧೈರ್ಯ ರೇವಪ್ಪನಿಗೆ ಇನ್ನೂ ಬಂದಿಲ್ಲ.