ಕಪ್ಪು ದಾರದ ಮೇಲೆ ಬಿಳಿ ಟೇಪು

ನೆದರ್ಲೆಂಡ್ಸಿನ ಆಮ್ಸ್ಟೆಲ್‌ವೀನ್‌ನಲ್ಲಿ ನಮ್ಮ ಪಕ್ಕದ ಮನೆಯವರು ಒಂದು ಕಾಲದಲ್ಲಿ ಐರ್ಲೆಂಡಿನ ರಗ್ಬಿ ಆಟಗಾರರು. ಹನ್ನೊಂದು ವರ್ಷ ತಮ್ಮ ಪ್ರಾಂತ್ಯದ ತಂಡಕ್ಕೆ ಆಡಿ, ದೇಶಕ್ಕಾಗಿ ಒಂದೇ ಒಂದು ಸಲ, ಅದೂ ಕೊನೆಯ ಒಂಬತ್ತು ನಿಮಿಷ ಇಳಿದವರು. ಆಮೇಲೆ ಭುಜ ಹೋಯಿತು. ಡಚ್ ಹೆಂಡತಿಯ ಜೊತೆ ಇಲ್ಲಿಗೆ ಬಂದರು. ಬಲಗೈ ಈಗಲೂ ಭುಜ ದಾಟಿ ಏಳುವುದಿಲ್ಲ. ಕಿವಿಗಳೋ, ಆಟದಲ್ಲಿ ಗುದ್ದು ತಿಂದು ತಿಂದು, ಎಣ್ಣೆಯಲ್ಲಿ ಮುದುಡಿಕೊಂಡ ಹಪ್ಪಳ.

ಇಂಥವರ ಹತ್ತಿರ ನನ್ನ ಹದಿಮೂರರ ಮಗಳು ರಗ್ಬಿ ಕಲಿಯುತ್ತಿದ್ದಳು. ನಾನೋ, ಅವಳ ಟ್ರಾಮು ಎರಡು ನಿಮಿಷ ತಡವಾದರೆ ಆಸ್ಪತ್ರೆಯ ನಂಬರ್ ಹುಡುಕುವವನು. ಮೊದಲ ಮ್ಯಾಚಿಗೆ ಒಪ್ಪಲು ಒಂದು ಷರತ್ತು ಹಾಕಿದೆ: ಊರಿನ ದೇವಸ್ಥಾನದಿಂದ ತಂದ ಕಪ್ಪು ದಾರ ಕಾಲಲ್ಲಿರಬೇಕು, ಬಿಚ್ಚಿದರೆ ಆಟವಿಲ್ಲ.

"ಅಪ್ಪ, ಇದು ಹೆಲ್ಮೆಟ್ ಅಲ್ಲ," ಅಂದಳು. ಆದರೂ ಕಾಲು ಚಾಚಿದಳು.

ಮ್ಯಾಚು ಮುಗಿಯುವವರೆಗೆ ಸೈಕಲ್ ಸ್ಟ್ಯಾಂಡಿನ ಹತ್ತಿರ ಬೆನ್ನು ತಿರುಗಿಸಿ ನಿಲ್ಲುವುದೆಂದು ನಾನು ಮೊದಲೇ ತೀರ್ಮಾನಿಸಿದ್ದೆ.

ಶನಿವಾರ ಬೆಳಿಗ್ಗೆ ರೆಫರಿ ಹುಡುಗಿಯರ ಬೂಟು, ಉಗುರು ನೋಡುತ್ತಾ ಬಂದು ದಾರದ ಮುಂದೆ ನಿಂತರು. ಇಂಥದ್ದೆಲ್ಲ ಮೈಮೇಲೆ ಇರಕೂಡದಂತೆ, ಯಾರದಾದರೂ ಬೆರಳು ಸಿಕ್ಕಿಕೊಳ್ಳುತ್ತದಂತೆ. ಮಗಳು ನನ್ನ ಕಡೆ ನೋಡಿದಳು. ಆ ನೋಟದಲ್ಲಿ ಜಗಳವಿರಲಿಲ್ಲ, ಅದೇ ಕಷ್ಟವಾಯಿತು. "ಬಿಚ್ಚು" ಅನ್ನಲು ಬಾಯಿ ಬರಲಿಲ್ಲ, "ಮನೆಗೆ ನಡಿ" ಅನ್ನಲೂ ಬರಲಿಲ್ಲ.

ಪಕ್ಕದ ಮನೆಯವರು ಏನೂ ಕೇಳದೆ ಹುಲ್ಲಿನ ಮೇಲೆ ಕೂತು, ದಾರ ಮುಚ್ಚುವಂತೆ ಅವಳ ಕಾಲಿಗೆ ಬಿಳಿ ಟೇಪು ಸುತ್ತಿದರು. ರೆಫರಿ ಬೆರಳಿನಿಂದ ಒತ್ತಿ ನೋಡಿ, ಆಗಬಹುದು ಎಂದು ತಲೆಯಾಡಿಸಿದರು.

"ನಮ್ಮಮ್ಮ ನನ್ನ ಚಡ್ಡಿಯ ಸೊಂಟಪಟ್ಟಿಯೊಳಗೆ ದೇವಮಾತೆಯ ಪದಕ ಹೊಲಿದುಬಿಡ್ತಿದ್ದರು," ಎಂದರು ಅವರು ನನಗೆ, ಮೆಲ್ಲಗೆ.

"ಭುಜ ಹೋದ ದಿನ?" ನನ್ನ ಬಾಯಿ ಸುಮ್ಮನಿರಬೇಕಲ್ಲ.

"ಅವತ್ತೂ ಇತ್ತು." ನಕ್ಕರು. "ಆದ್ರೆ ಆಟ ನೋಡೋಕೆ ಅಮ್ಮ ಒಂದು ದಿನವೂ ಬರಲಿಲ್ಲ, ಭಯ. ಆ ಒಂಬತ್ತು ನಿಮಿಷವೂ ಚರ್ಚಿನಲ್ಲಿ ಕೂತಿದ್ದರು. ನಾನು ಮಾತ್ರ ಗ್ಯಾಲರಿಯಲ್ಲಿ ಅವರನ್ನ ಹುಡುಕ್ತಾನೇ ಇದ್ದೆ."

ನಾನು ಸೈಕಲ್ ಸ್ಟ್ಯಾಂಡಿಗೆ ಹೋಗಲಿಲ್ಲ. ಮೈದಾನದ ಗೆರೆಯ ಪಕ್ಕ ಅವರ ಜೊತೆ ನಿಂತೆ. ಎದುರು ತಂಡದ ಒಬ್ಬ ದಾಂಡಿಗಿತ್ತಿ ಮಗಳನ್ನು ಕೆಡವಿದಾಗ ಕಣ್ಣು ತಾನಾಗೇ ಮುಚ್ಚಿಕೊಂಡಿತು. ತೆರೆದಾಗ ಅವಳು ಎದ್ದಿದ್ದಳು, ಮುಖದ ತುಂಬ ಕೆಸರು, ಗೆರೆಯುದ್ದಕ್ಕೂ ಯಾರನ್ನೋ ಹುಡುಕುತ್ತಿದ್ದಳು.

ನಾನು ಕೈ ಎತ್ತಿದೆ. ಪಕ್ಕದಲ್ಲಿ ಅವರೂ ಎತ್ತಿದರು, ಎಷ್ಟು ಏಳುತ್ತದೋ ಅಷ್ಟು.