ಹೊಳ್ಳಿ ನೋಡಬ್ಯಾಡ

ನಮ್ಮಣ್ಣನಿಗೆ ಹಾಡಲು ಬರುತ್ತಿರಲಿಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಅರವತ್ತರ ದಶಕದಲ್ಲಿ ಧಾರವಾಡದ ಹುಡುಗರೆಲ್ಲ ಸೈಕಲ್ ತುಳಿಯುತ್ತ ಹಾಡಿದ ಹಾಡು ಅವನದು. ಅವನ ಓರಗೆಯ ಮುದುಕರು ಈಗಲೂ ಸಿಕ್ಕಾಗ ಅವನ ಕಂಠವನ್ನು ಹೊಗಳುತ್ತಾರೆ. ಶುದ್ಧ ಸುಳ್ಳು. ಓಣಿಗೊಬ್ಬ ಸಂಗೀತದ ಮಾಸ್ತರರಿದ್ದ ಮಾಳಮಡ್ಡಿಯಲ್ಲಿ ಹುಟ್ಟಿಯೂ ಅವನಿಗೆ ಸ್ವರ ಹತ್ತಲಿಲ್ಲ, ಹತ್ತಿದ್ದು ಗಿಟಾರಿನ ಹುಚ್ಚು. ಹುಬ್ಬಳ್ಳಿಯಲ್ಲಿ ರೈಲ್ವೆ ಗಾರ್ಡ್ ಒಬ್ಬ ವರ್ಗವಾಗಿ ಹೋಗುವಾಗ ಬಿಟ್ಟುಕೊಟ್ಟ ಹಳೆಯ ಗಿಟಾರನ್ನು ಬಸ್ಸಿನಲ್ಲಿ ಕೂಸಿನ ಹಾಗೆ ತೊಡೆಯ ಮೇಲೆ ಮಲಗಿಸಿಕೊಂಡು ತಂದ. ಅವ್ವ ಬಾಗಿಲಲ್ಲೇ ತಡೆದು, “ಇದಕ್ಕೂ ಊಟಕ್ಕ ಹಾಕಬೇಕೇನಪಾ?” ಎಂದಳು.

ನಮ್ಮ ಹಿತ್ತಲಿಗೂ ಪಕ್ಕದ ಮನೆಯ ಹಿತ್ತಲಿಗೂ ನಡುವೆ ಒಂದೇ ಗೋಡೆ. ಆ ಮನೆಯ ಹುಡುಗಿ ನನ್ನ ಜೀವದ ಗೆಳತಿ. ಅಣ್ಣನಿಗೂ ಅವಳ ಮೇಲೆ ಜೀವ. ಅದು ನನಗೆ ಗೊತ್ತಿತ್ತು, ಅವ್ವನಿಗೆ ಗೊತ್ತಿತ್ತು, ಹಾಲು ಹಾಕುವವಳಿಗೂ ಗೊತ್ತಿತ್ತು. ಹುಡುಗಿಗೆ ಗೊತ್ತಿತ್ತೋ ಇಲ್ಲವೋ, ಹೇಳಬೇಕಾದವನಂತೂ ಬಾಯಿ ಬಿಡಲಿಲ್ಲ. ಅವಳು ಬಟ್ಟೆ ಒಣಹಾಕಲು ಬಂದರೆ ಇವನು ಗೋಡೆಯ ಈಚೆ ಕೂತು ಒಂದೇ ಧಾಟಿಯನ್ನು ಸಾವಕಾಶವಾಗಿ ಮತ್ತೆ ಮತ್ತೆ ನುಡಿಸುತ್ತಿದ್ದ. ಅದಕ್ಕೆ ಮಾತುಗಳಿರಲಿಲ್ಲ. ಆಚೆಯಿಂದ ಬಟ್ಟೆ ಝಾಡಿಸುವ ಸದ್ದು ಬರುತ್ತಿತ್ತು.

ಹೀಗಿರುವಾಗ ಅವಳ ಲಗ್ನ ನಿಶ್ಚಯವಾಯಿತು. ವರ ಬೆಳಗಾವಿಯ ಇಂಜಿನಿಯರ್, ಹೆಸರಿಡುವಂಥ ಕುಂದು ಏನೂ ಇರಲಿಲ್ಲ. ನಾನು ಹುಡುಕಿ ನೋಡಿದ್ದೆ. ಅಣ್ಣ ಊಟ ಬಿಟ್ಟ. ಅವ್ವ ಹೋಳಿಗೆ ಮಾಡಿದ ದಿನ ಮತ್ತೆ ಹಿಡಿದ. ಒಂದು ಸಂಜೆ ಕೆಲಗೇರಿಯ ಕೆರೆಯ ದಂಡೆಗೆ ಹೋಗಿ ಕೂತವನು ಬರುವಾಗ ಆ ಧಾಟಿಗೆ ಮಾತು ಕಟ್ಟಿಕೊಂಡು ಬಂದ:

“ಗ್ವಾಡಿ ಆಚಿ ನೀನು, ಗ್ವಾಡಿ ಈಚಿ ನಾನು,
ಹೋಗಾಕಿ ಹೋಗು, ಹೊಳ್ಳಿ ನೋಡಬ್ಯಾಡ.”

ಕೇಳಿ ನನಗೆ ಅಳು ಬಂತು. ಅವನ ಗೆಳೆಯನಿಗೆ ನಗು ಬಂತು. ಸಪ್ತಾಪುರದ ಬಾಡಿಗೆ ಕೋಣೆಯಲ್ಲಿದ್ದ ಈ ಗೆಳೆಯ ಕಾಲೇಜಿನ ಪರೇಡಿನ ಡ್ರಮ್ಮನ್ನು ಎತ್ತಿಕೊಂಡು ಬಂದು ರಾಕ್ ಕಲಾವಿದನಾಗಿದ್ದ. “ಇದೇನಲೇ, ಹೆಣದ ಮುಂದ ಹಾಡೂ ಹಾಡು! ರಾಕ್ ಅಂದ್ರ ಕಾಲು ಕುಣೀಬೇಕು,” ಎಂದು ಡ್ರಮ್ಮಿನ ಓಟವನ್ನು ಎರಡು ಪಟ್ಟು ಮಾಡಿದ.

“ನನ್ನ ದುಃಖಕ್ಕ ಅಷ್ಟು ಗಡಿಬಿಡಿ ಇಲ್ಲಲೇ,” ಎಂದ ಅಣ್ಣ.

ಕೊನೆಗೆ ಗೆದ್ದದ್ದು ಗೆಳೆಯ. ಓಡಿಸಿ ಹಾಡಿದರೆ ಒಡಕು ಕಂಠ ಡ್ರಮ್ಮಿನ ಸದ್ದಿನಲ್ಲಿ ಮುಚ್ಚಿಹೋಗುತ್ತಿತ್ತು, ಅದು ಅಣ್ಣನಿಗೂ ತಿಳಿಯಿತು. ಗಣಪತಿ ಹಬ್ಬಕ್ಕೆ ಮೈಕ್ ಕೊಡುವವನ ಮೈಕನ್ನು ಗೆಳೆಯನ ಕೋಣೆಗೆ ತಂದು ಟವೆಲ್ಲಿನಿಂದ ಗಿಟಾರಿನ ಹೊಟ್ಟೆಗೆ ಬಿಗಿದರು. ನಡುನಡುವೆ ಅದು ಕುಂಯ್ ಎಂದು ಕಿರುಚುತ್ತಿತ್ತು. ಕೇಳಿದವರು ಅದನ್ನೂ ವಿಲಾಯಿತಿ ಸಂಗೀತವೆಂದೇ ತಿಳಿದರು.

ಕಾಲೇಜಿನ ವಾರ್ಷಿಕ ಗ್ಯಾದರಿಂಗಿನಲ್ಲಿ ಹಾಡುವುದೆಂದು ನಿಗದಿಯಾಯಿತು. ಅಣ್ಣ ನನ್ನನ್ನು ಹಿತ್ತಲಿಗೆ ಕರೆದು, “ಹೆಂಗರೆ ಮಾಡಿ ಆಕೀನ ಕರಕೊಂಡು ಬಾ. ಒಂದ ಸಲ ಕೇಳಲಿ, ಸಾಕು ನನಗ,” ಎಂದ. ನಾನು ಹೋಗಿ ಕೇಳಿದೆ. ಅವಳ ತಾಯಿ ಒಪ್ಪಲಿಲ್ಲ. “ನಿಶ್ಚೆ ಆದ ಹುಡುಗಿ, ಹೊತ್ತು ಮುಳುಗಿದ ಮ್ಯಾಲೆ ಹೊರಗ ಕಳಸಂಗಿಲ್ಲವಾ,” ಎಂದರು. ಆಗ ನಮ್ಮಲ್ಲಿ ರೂಢಿಯೇ ಹಾಗಿತ್ತು.

ಅಣ್ಣ ವೇದಿಕೆಗೆ ಬಂದವನೇ ನನ್ನ ಪಕ್ಕದ ಖಾಲಿ ಕುರ್ಚಿ ನೋಡಿದ. ಹಾಡಿನ ಎರಡನೆಯ ಸಾಲನ್ನು ಅರ್ಧಕ್ಕೇ ನುಂಗಿದ. ಅದು ಹಾಡುವ ವಿಶೇಷ ರೀತಿಯೆಂದು ಹುಡುಗರು ಸೀಟಿ ಹೊಡೆದು ಮತ್ತೆ ಮತ್ತೆ ಹಾಡಿಸಿದರು. ಮರುದಿನದಿಂದ ಬಸ್ ಸ್ಟ್ಯಾಂಡಿನಲ್ಲಿ, ಚಹಾದಂಗಡಿಯಲ್ಲಿ, ಎಲ್ಲೆಲ್ಲೂ ಅದೇ ಹಾಡು. ಪಕ್ಕದ ಮನೆಯ ಹೊಸ್ತಿಲೊಳಗೆ ಮಾತ್ರ ಅದು ಹೋಗಲಿಲ್ಲ. ನಾನೇ ಅವಳಿಗೆ ಹಾಡಿ ತೋರಿಸುತ್ತೇನೆಂದರೆ ಅಣ್ಣ ಆಣೆ ಹಾಕಿಸಿದ. “ನೀ ಹೇಳಿದ್ರ ಆಗಂಗಿಲ್ಲ. ಆಕಿ ತಾನ ಕೇಳಬೇಕು.”

ಲಗ್ನದ ದಿನ ಅವನು ಓಣಿಯ ಉಳಿದ ಹುಡುಗರಂತೆ ಟವೆಲ್ ಕಟ್ಟಿಕೊಂಡು ಪಂಕ್ತಿಯಲ್ಲಿ ಬುಂದಿ ಬಡಿಸಿದ. ಸಂಜೆ ಮದುಮಕ್ಕಳ ಮೆರವಣಿಗೆ ಹೊರಟಿತು. ಹೂವಿನಿಂದ ಸಿಂಗರಿಸಿದ ತೆರೆದ ಕಾರಿನಲ್ಲಿ ಗಂಡು, ಹೆಣ್ಣು, ಅವಳ ಪಕ್ಕ ಅವಳ ಕೈ ಹಿಡಿದು ನಾನು. ಮುಂದೆ ಬ್ಯಾಂಡಿನವರು. ಊರು ಯಾವ ಹಾಡನ್ನು ಸೀಟಿ ಹೊಡೆಯುತ್ತದೋ ಅದನ್ನೇ ಮೆರವಣಿಗೆಗೆ ಊದುವುದು ಅವರ ಪದ್ಧತಿ. ಕ್ಲಾರಿನೆಟ್ಟಿಗೆ ಮಾತುಗಳ ಹಂಗಿಲ್ಲವಲ್ಲ. ನಮ್ಮ ಓಣಿಯ ತಿರುವಿಗೆ ಬರುವಷ್ಟರಲ್ಲಿ ಬ್ಯಾಂಡ್ ಮಾಸ್ತರ ‘ಹೋಗಾಕಿ ಹೋಗು’ ಶುರು ಮಾಡಿಯೇಬಿಟ್ಟ. ಹುಡುಗರು ಕುಣಿಯತೊಡಗಿದರು. ವರನೂ ತೊಡೆಯ ಮೇಲೆ ತಾಳ ಹಾಕಿದ.

ಅಣ್ಣ ಗುಂಪು ಸೀಳಿಕೊಂಡು ಬ್ಯಾಂಡಿನತ್ತ ಓಡಿದ. ಜಗಳವೇ ಆಯಿತೆಂದುಕೊಂಡೆ. ಮಾಸ್ತರ ಅವನ ಗುರುತು ಹಿಡಿದು ಸಲಾಮು ಹೊಡೆದ. “ಸಾಹೇಬ್ರ, ನಿಮ್ಮದ ಹಾಡು! ಹೆಂಗ ಬಾರಸಲಿ, ನೀವ ಹೇಳ್ರಿ.”

ಸಾವಕಾಶ ಎಂದಿದ್ದರೆ ಸಾಕಿತ್ತು. ಗೋಡೆಯಾಚೆ ಕೇಳಿದ ಧಾಟಿಯನ್ನು ಅವಳು ಗುರುತು ಹಿಡಿಯುತ್ತಿದ್ದಳು. ಅಣ್ಣ ತಿರುಗಿ ಕಾರಿನ ಕಡೆ ನೋಡಿದ. ತಲೆ ತಗ್ಗಿಸಿದ ಅವಳನ್ನು ನೋಡಿದ, ನಗುತ್ತಿದ್ದ ವರನನ್ನು ನೋಡಿದ.

“ಇನ್ನೂ ಜೋರ ಓಡಸ್ರಿ,” ಎಂದ.

ನನಗೆ ಎಂಥ ಸಿಟ್ಟು ಬಂತೆಂದರೆ, ಕಾರಿನಿಂದ ಇಳಿದು ಅವನ ಬೆನ್ನಿಗೆರಡು ಗುದ್ದಬೇಕೆನ್ನಿಸಿತು. ಅಷ್ಟರಲ್ಲಿ ನನ್ನ ಅಂಗೈಯಲ್ಲಿ ಏನೋ ಮಿಸುಕಿತು. ಸೆರಗಿನ ಕೆಳಗೆ ಅವಳ ಬೆರಳು ತಾಳ ಹಾಕುತ್ತಿತ್ತು. ಅದು ಬ್ಯಾಂಡಿನ ತಾಳವಲ್ಲ. ಡೋಲು ಎರಡು ಸಲ ಹೊಡೆದರೆ ಅವಳ ಬೆರಳು ಒಂದು ಸಲ ಬೀಳುತ್ತಿತ್ತು. ನಾನು ಅವಳ ಮುಖ ನೋಡಿದೆ, ಅವಳು ತಲೆ ಎತ್ತಲಿಲ್ಲ. ಕಾರು ತಿರುವು ದಾಟುವಾಗ ಅವಳ ತಾಯಿ ಬಾಗಿಲಲ್ಲಿ ನಿಂತು ಅಳುತ್ತಿದ್ದರು. ಅವಳು ಹೊರಳಿ ನೋಡಲಿಲ್ಲ.

ಅವಳನ್ನು ಕಳಿಸಿ ಬಂದಾಗ ಅಣ್ಣ ಹಂದರದಲ್ಲಿ ಒಬ್ಬನೇ ಜಮಖಾನೆ ಮಡಚುತ್ತಿದ್ದ. ಬೆರಳಿನ ವಿಷಯ ಹೇಳಿದೆ. ಅವನ ಕೈ ನಿಂತಿತು.

“ಸಾವಕಾಶನ?”

“ಹೂಂ. ಹಿತ್ತಲದಾಗ ನೀ ಬಾರಸತಿದ್ದೆಲ್ಲಾ, ಹಂಗ.”

ಅರ್ಧ ಮಡಚಿದ ಜಮಖಾನೆಯ ಮೇಲೆ ಕೂತುಬಿಟ್ಟ. ಟವೆಲ್ಲಿನಿಂದ ಮುಖ ಒರೆಸಿಕೊಂಡ. ಅದಕ್ಕೆ ಬುಂದಿಯ ತುಪ್ಪದ ವಾಸನೆ ಇತ್ತು.

“ಹಂಗಾರ ಕೇಳ್ಯಾಳ,” ಎಂದ. ಮೇಲೆದ್ದು, “ಆ ತುದಿ ಹಿಡಿ,” ಎಂದ. ಇಬ್ಬರೂ ಸೇರಿ ಜಮಖಾನೆ ಮಡಚಿದೆವು.