ಹತ್ತನೆಯ ಕೈ

ಇವತ್ತು ಬೆಳಿಗ್ಗೆ ಎದ್ದು ಅಂಗಳ ಗುಡಿಸಿದೆ, ಎಮ್ಮೆ ಹಿಂಡಿದೆ, ಹಾಲನ್ನು ಡೇರಿಗೆ ಹಾಕಿದೆ, ಜೋಳ ಹಸನು ಮಾಡಿ ಗಿರಣಿಗೆ ಕೊಟ್ಟು ಬಂದೆ. ಹತ್ತು ಗಂಟೆಗೆ ಬಂಗಾಲಿ ಬಾಯಾರ ಮನೆ ಮುಂದೆ ಹೋಗಿ ಹೆಂಗಸರ ನಡುವೆ ಕುಳಿತೆ. ತೀರಿಹೋದ ಬಾಯಾರನ್ನು ಗೋಡೆಗೆ ಒರಗಿಸಿ ಕೂರಿಸಿದ್ದರು. ಎರಡೂ ಕೈಯಲ್ಲಿ ಹಸಿರು ಗಾಜಿನ ಬಳೆ, ಅವುಗಳ ನಡುವೆ ಒಂದೊಂದು ದಪ್ಪ ಬಿಳಿ ಶಂಖದ ಬಳೆ. ಬಲಗೈಯ ಶಂಖದ ಬಳೆಗೆ ಸಣ್ಣ ಬಿರುಕಿತ್ತು, ಅದಕ್ಕೆ ತಾಮ್ರದ ತಂತಿ ಸುತ್ತಿದ್ದರು. ಅದನ್ನು ತೆಗೆಯಬೇಕೋ ಬೇಡವೋ ಎಂದು ಮುದುಕಿಯರು ಗುಸುಗುಸು ನಡೆಸಿದ್ದರು. ಬಾಯಾರ ಗಂಡ, ಮಿಲಿಟರಿಯಿಂದ ನಿವೃತ್ತರಾದ ಹಿರಿಯರು, ಯಾರನ್ನೂ ಮುಟ್ಟಗೊಡಲಿಲ್ಲ.

ಬಂಗಾಲದ ಕಡೆ ನೌಕರಿಯಲ್ಲಿದ್ದಾಗ ಮದುವೆಯಾಗಿ ಈ ಹೆಣ್ಣುಮಗಳನ್ನು ಅವರು ನಮ್ಮೂರಿಗೆ ಕರೆತಂದಿದ್ದರು. ನಮ್ಮದು ಟಿಕೋಟಾ ದಾಟಿದ ಮೇಲೆ ಬರುವ ಊರು. ಮೀನಿನ ವಾಸನೆ ಬಂದರೆ ಕಿಟಕಿ ಹಾಕಿಕೊಳ್ಳುವ ಜನ. ಗಂಡ ಆಗೊಮ್ಮೆ ಈಗೊಮ್ಮೆ ಮಮದಾಪುರದ ಕಡೆಯಿಂದ ಮೀನು ತಂದರೆ ಮರುದಿನ ಬಾಯಾರೇ ಮನೆಮನೆಗೆ ಬಂದು ವಾಸನೆ ಬಂತೇನ್ರಿ ಎಂದು ಕೇಳುತ್ತಿದ್ದರು. ಕೇಳಿದ ಮೇಲೆ ಯಾರಿಗೂ ಬೈಯಲು ಬಾಯಿ ಬರುತ್ತಿರಲಿಲ್ಲ. ಕನ್ನಡವನ್ನು ಅತ್ತೆಯಿಂದ ಕಲಿತಿದ್ದರಿಂದ ಅವರಿಗೆ ಮರ್ಯಾದೆಯ ಮಾತು ಬಿಟ್ಟು ಬೇರೆ ಬರುತ್ತಿರಲಿಲ್ಲ. ಕಟ್ಟೆ ಏರಿದ ನಾಯಿಗೂ 'ಸರೀರಿ, ಹೋಗ್ರಿ' ಎನ್ನುತ್ತಿದ್ದರು. ಹುಡುಗರು ಅದನ್ನು ಅಣಕಿಸುತ್ತ ಓಡಾಡುತ್ತಿದ್ದರು.

ಬಾಯಾರ ತಂದೆ ಬಂಗಾಲದಲ್ಲಿ ಯಾವುದೋ ಪಕ್ಷದ ಕೆಲಸಗಾರರಂತೆ, ಸೈಕಲ್ಲಿಗೆ ಬಾವುಟ ಕಟ್ಟಿಕೊಂಡು ತಿರುಗಿದವರಂತೆ. 'ನಮ್ಮ ಕಡೆ ಒಲಿ ಮ್ಯಾಲೆ ಅನ್ನಕ್ಕಿಂತ ಮೊದಲ ರಾಜಕೀಯ ಕುದೀತೈತ್ರಿ' ಎಂದು ಬಾಯಾರು ಹೇಳುತ್ತಿದ್ದರು. ನಮ್ಮೂರಲ್ಲಿ ಮಹಿಳಾ ಸಂಘ ಕಟ್ಟಿದರು, ಹೊಲಿಗೆ ಕಲಿಸಿದರು, ಆಮೇಲೆ ಪಂಚಾಯಿತಿ ಚುನಾವಣೆಗೆ ನಿಂತರು. ಮೊದಲ ಸಲ ಸೋತರು. ಮೀನು ತಿನ್ನುವವಳಿಗೆ ಓಟು ಹಾಕುತ್ತೀರಾ ಎಂದು ಮನೆಮನೆಗೆ ಹೋಗಿ ಹೇಳಿದವರಿದ್ದರು. ಎರಡನೆಯ ಸಲ ನಿಲ್ಲುವಾಗ ನನ್ನನ್ನೂ ಎಳೆದರು. ನೀವೂ ನಿಲ್ಲಿರಿ, ಅಲ್ಲಿ ನನಗೊಬ್ಬಳಿಗೇ ಬೇಸರ ಎಂದರು. ಇಬ್ಬರೂ ಗೆದ್ದೆವು. ಮಹಿಳಾ ಮೀಸಲಾತಿ ಬಂದಿತ್ತು, ಬಾಯಾರು ಅಧ್ಯಕ್ಷರಾದರು. ಓದದ ಕಾಗದಕ್ಕೆ ಸಹಿ ಹಾಕಬಾರದು ಎಂದು ನನಗೆ ಕಲಿಸಿದವರು ಅವರೇ. ನಾನು ಬೆರಳಿಟ್ಟು ಒಂದೊಂದೇ ಅಕ್ಷರ ಓದುವ ತನಕ ಕಾರ್ಯದರ್ಶಿಯನ್ನು ನಿಲ್ಲಿಸಿಕೊಳ್ಳುತ್ತಿದ್ದರು.

ನಮ್ಮೂರ ನಳದ ನೀರು ಯಾವಾಗಲೂ ಮೇಲಿನ ಓಣಿಯಿಂದ ಶುರುವಾಗುತ್ತಿತ್ತು. ಅಲ್ಲಿನವರ ಕೊಡ, ಹಂಡೆ, ಕೊನೆಗೆ ಟ್ರ್ಯಾಕ್ಟರ್ ಕೂಡ ತೊಳೆದಾದ ಮೇಲೆ ತುದಿಯಲ್ಲಿದ್ದ ನಮ್ಮ ಓಣಿಗೆ ದಾರದಂಥ ನೀರು. ಬಾಯಾರ ಮನೆ ಇದ್ದದ್ದು ಮೇಲಿನ ಓಣಿಯಲ್ಲೇ. ಆದರೂ ಅಧ್ಯಕ್ಷರಾದ ತಿಂಗಳಲ್ಲೇ ತುದಿಯಿಂದ ನೀರು ಬಿಡಿರಿ ಎಂದರು. ನೀರು ಬಿಡುವವನು ತಲೆ ಕೆರೆದುಕೊಂಡ. ಮರುದಿನ ನಸುಕಿನಲ್ಲಿ ತಾವೇ ವಾಲ್ ಹತ್ತಿರ ಗೋಡೆಗಡಿಯಾರ ತಂದಿಟ್ಟುಕೊಂಡು ಕಲ್ಲಿನ ಮೇಲೆ ಕುಳಿತರು. ಆ ದಿನ ನಮ್ಮ ಮನೆಯ ಹಂಡೆ ತುಂಬಿ ಹೊರಚೆಲ್ಲಿತು. ಮದುವೆಯಾಗಿ ಬಂದಾಗಿನಿಂದ ನಾನು ಅದನ್ನು ನೋಡಿರಲಿಲ್ಲ.

ಅದೇ ಅವರಿಗೆ ಮುಳುವಾಯಿತು. ಮೇಲಿನ ಓಣಿಯ ಮುಖಂಡರು, ಬಾಯಾರಿಗಿಂತ ಮೊದಲು ಅಧ್ಯಕ್ಷರಾಗಿದ್ದವರು, ಅವಿಶ್ವಾಸಕ್ಕೆ ಓಡಾಡತೊಡಗಿದರು. ನಾವು ಹದಿನೈದು ಮಂದಿ ಸದಸ್ಯರು. ಅಧ್ಯಕ್ಷರನ್ನು ಇಳಿಸಲು ಹತ್ತು ಕೈ ಬೇಕು. ಬಾಯಾರು ಒಂದು ಸಂಜೆ ನಮ್ಮ ಅಡುಗೆಮನೆಗೆ ಬಂದು ಮಣೆಯ ಮೇಲೆ ಕುಳಿತು, ನೀವೇನು ಮಾಡುತ್ತೀರಿ ಎಂದು ನೇರವಾಗಿ ಕೇಳಿದರು. 'ನಾ ನಿಮ್ಮ ಜೋಡೀನ ಅದೀನ್ರಿ' ಎಂದೆ. ಅವರು ಮತ್ತೇನೂ ಕೇಳಲಿಲ್ಲ. ಚಹಾ ಕುಡಿದು, ಕಪ್ಪು ಬಸಿ ತೊಳೆದಿಟ್ಟು ಹೋದರು.

ವಾರ ಕಳೆದಿರಲಿಲ್ಲ, ಮನೆ ಮುಂದೆ ಮುಖಂಡರ ಕಡೆಯ ಕ್ರೂಸರ್ ಜೀಪು ಬಂದು ನಿಂತಿತು. ತುಳಜಾಪುರ, ಪಂಢರಪುರ ತೋರಿಸಿಕೊಂಡು ಬರುತ್ತೇವೆ ಎಂದರು. ಸದಸ್ಯರನ್ನು ಹೀಗೆ ದೇವರ ದರ್ಶನಕ್ಕೆ ಒಯ್ದು ಮತದ ದಿನದ ತನಕ ಕಾಯ್ದಿಡುವುದು ನಮ್ಮ ಕಡೆ ಹೊಸದಲ್ಲ. ನಮ್ಮ ಮನೆಯವರು ಆಗಲೇ ಒಗೆದ ಧೋತರ ಉಟ್ಟು ಮುಂದಿನ ಸೀಟಿನಲ್ಲಿ ಕುಳಿತಿದ್ದರು. ನಾನೂ ಹತ್ತಿದೆ. ಗುಡಿಯ ಹೊರಗೆ ಮುಖಂಡರು ಎಲ್ಲರ ಅಂಗೈಗೆ ಭಂಡಾರ, ಅಂದರೆ ದೇವರ ಅರಿಶಿನದ ಪುಡಿ, ಹಾಕಿದರು. ಅದನ್ನು ಹಿಡಿದು ಬಾಯಾರ ವಿರುದ್ಧ ಕೈ ಎತ್ತುತ್ತೇವೆಂದು ಆಣೆ ಮಾಡಬೇಕು, ಮಾತು ತಪ್ಪಿದರೆ ಮನೆಯ ಕುಡಿಗೆ ಒಳ್ಳೆಯದಾಗುವುದಿಲ್ಲ ಎನ್ನಬೇಕು. ಬಬಲೇಶ್ವರಕ್ಕೆ ಕೊಟ್ಟ ನನ್ನ ಮಗಳು ಆಗ ಏಳು ತಿಂಗಳ ಬಸುರಿ. ನಾನು ಕೈ ಹಿಂದಕ್ಕೆಳೆದುಕೊಂಡೆ, ಬಾಯಾರಿಗೆ ಮೊದಲೇ ಮಾತು ಕೊಟ್ಟಿದ್ದೇನೆ ಎಂದೆ.

ಮುಖಂಡರು ನಕ್ಕರು. 'ಬರೇ ಮಾತ ಕೊಟ್ಟೀದಿ. ಅದಕ್ಕೇನ ಭಂಡಾರ ಹಚ್ಚಿ ಕೊಟ್ಟೀಯೇನ ತಂಗೀ?'

ಎಲ್ಲರೂ ನಕ್ಕರು. ನಮ್ಮ ಮನೆಯವರು ನನ್ನ ಮೊಣಕೈ ಹಿಡಿದು ಮುಂದಕ್ಕೆ ಚಾಚಿಸಿದರು. ಆಣೆ ಮಾಡಿದೆ.

ಸಭೆಯ ದಿನ ವಿಜಯಪುರದಿಂದ ದೊಡ್ಡ ಸಾಹೇಬರು ಬಂದರು. ಗೊತ್ತುವಳಿಯ ಪರ ಇರುವವರು ಕೈ ಎತ್ತಿರಿ ಎಂದರು. ಎಣಿಸಿದರು, ಒಂಬತ್ತು. ಇನ್ನೊಮ್ಮೆ ಎಣಿಸಿದರು. ಬಾಯಾರು ನನ್ನನ್ನೇ ನೋಡುತ್ತಿದ್ದರು; ಅವರ ಮುಖದಲ್ಲಿ ಬೇಡಿಕೆಯಿರಲಿಲ್ಲ, ಮನೆಯವರು ಬರುವ ದಾರಿ ನೋಡುವಂಥ ನೋಟ ಅದು. ನಾನು ಕೈ ಎತ್ತಿದೆ. ಬಾಯಾರು ತಲೆ ತಗ್ಗಿಸಿ, ಸಾಹೇಬರು ಹೇಳಿದ ಕಡೆ ಸಹಿ ಹಾಕಿದರು, ಅದೂ ಪೂರ್ತಿ ಓದಿ. ಕುರ್ಚಿಯನ್ನು ಮೇಜಿನ ಒಳಗೆ ಸರಿಸಿ ಹೊರಗೆ ಹೋದರು.

ಮುಂದಿನ ಸಲ ನೀರು ಬಂದಾಗ ಮತ್ತೆ ಮೇಲಿನ ಓಣಿಯಿಂದ ಶುರುವಾಯಿತು. ನಮ್ಮ ಓಣಿಯ ಹೆಂಗಸರು ಖಾಲಿ ಕೊಡಗಳನ್ನು ನನ್ನ ಬಾಗಿಲ ಮುಂದೆ ಸಾಲಾಗಿ ಇಟ್ಟು ಹೋದರು.

ಮೊಮ್ಮಗ ಹುಟ್ಟಿದ ಮೇಲೆ ಒಮ್ಮೆ ವಿಜಯಪುರದಿಂದ ಬಬಲೇಶ್ವರದ ಬಸ್ಸು ಹತ್ತಿದೆ. ಒಂದೇ ಸೀಟು ಖಾಲಿಯಿತ್ತು, ಬಾಯಾರ ಪಕ್ಕ. ಅಲ್ಲಿನ ಹುಡುಗಿಯರಿಗೆ ಹೊಲಿಗೆ ಕಲಿಸಲು ಹೊರಟಿದ್ದರು. ಕೂಸು ಹೇಗಿದೆ, ಹಾಲು ಕುಡಿಯುತ್ತದೆಯೇ ಎಂದೆಲ್ಲ ವಿಚಾರಿಸಿದರು. ನನಗೆ ತಡೆಯಲಾಗಲಿಲ್ಲ. ಭಂಡಾರ ಹಿಡಿಸಿ ಆಣೆ ಮಾಡಿಸಿದ್ದರು, ಅಂಜಿಕೆಯಾಯಿತು ಎಂದೆ. ಅವರು ಕಿಟಕಿಯ ಆಚೆ ನೋಡುತ್ತ ಹೇಳಿದರು:

'ದೇವರು ಸಿಟ್ಟಾಗ್ತಾನಂತ ಅಂಜಿದ್ರಿ. ನಾ ಸಿಟ್ಟಾಗೂದಿಲ್ಲಂತ ನಿಮಗ ಗೊತ್ತಿತ್ರಿ.'

ಅಷ್ಟೇ. ಇಳಿಯುವಾಗ ನನ್ನ ಚೀಲವನ್ನು ಅವರೇ ಎತ್ತಿ ಕೊಟ್ಟರು. ಆಮೇಲೆ ಮತ್ತೆ ಚುನಾವಣೆಗೆ ನಿಲ್ಲಲಿಲ್ಲ. ನಾಲ್ಕು ದಿನದ ಜ್ವರಕ್ಕೆ ವಿಜಯಪುರದ ದವಾಖಾನೆ ಸೇರಿದವರು ನಿನ್ನೆ ಹೋದರು.

ಊರ ಬಾಗಿಲಲ್ಲಿ ಇವತ್ತು ಫ್ಲೆಕ್ಸ್ ಕಟ್ಟಿದ್ದರು. ನಡುವೆ ಬಾಯಾರ ಫೋಟೊ, ಅದಕ್ಕಿಂತ ದೊಡ್ಡದಾಗಿ ಕೈ ಮುಗಿದ ಮುಖಂಡರ ಫೋಟೊ, ಕೆಳಗೆ 'ದುಃಖತಪ್ತರು' ಎಂದು ಬರೆದು ಆಗಿನ ಸದಸ್ಯರ ಸಾಲು. ನನ್ನ ಮುಖವೂ ಇತ್ತು. ಕೇಳಿ ಹಾಕಿರಲಿಲ್ಲ, ಕೇಳಿದ್ದರೂ ಬೇಡ ಎನ್ನುತ್ತಿದ್ದೆನೆಂದು ಹೇಳುವ ಧೈರ್ಯ ನನಗಿಲ್ಲ. ಅವರು ಹೊರಗಿನವರಲ್ಲ, ಊರಿನ ಮಗಳು ಎಂದು ಮುಖಂಡರು ಭಾಷಣ ಮಾಡಿದರು. ಬಾಯಾರ ಗಂಡ ಎಲ್ಲರ ಮುಂದೆ ನಿಂತು ಕೇಳಿ, ಸಾಕ್ರಿ, ಬಿಸಿಲಾಯಿತು ಎಂದರು. ನಾನೂ ಒಂದು ಹಿಡಿ ಮಣ್ಣು ಹಾಕಿ ಬಂದೆ.

ಮನೆಗೆ ಬಂದು ತಲೆ ಮೇಲೆ ನೀರು ಹಾಕಿಕೊಂಡೆವು. ರೊಟ್ಟಿ, ಹೆಸರುಕಾಳಿನ ಪಲ್ಯ, ಮೊಸರು ಉಂಡೆವು. ನಮ್ಮ ಮನೆಯವರಿಗೆ ಮೊದಲು ನಿದ್ದೆ ಹತ್ತಿತು. ಅವರೇನೂ ಯಾರಿಗೂ ಮಾತು ಕೊಟ್ಟವರಲ್ಲ.